ಸಾವಿರ ಸುಳ್ಳಿಗೆ ಒಂದು ವರ್ಷದ ವಾಯಿದೆ

ಸಾವಿರ ಸುಳ್ಳು ಹೇಳಿ ಒಂದು ಮದುವೆ ಮಾಡು ಅಂತ ಗಾದೆ ಕಟ್ಟಿಕೊಂಡ ಜನ ನಾವು. ವೇದ ಸುಳ್ಳಾದರೂ ಗಾದೆ ಸುಳ್ಳಾಗದು ಅಂತ ಇನ್ನೊಂದನ್ನೂ ನಾವೇ ಕಟ್ಟಿಕೊಂಡೆವು. ಹೀಗಾಗಿ ಮೇಲ್ಮನವಿಗೆ ಅವಕಾಶವಿಲ್ಲ.

ಸಾವಿರಕ್ಕೆ ಪರ್ಮಿಟ್ ಸಿಕ್ಕಿದ ಮೇಲೆ ಒಂಬೈನೂರಕ್ಕೇ ನಿಲ್ಲಿಸುವ ದಡ್ಡ ಯಾರು?

ಡಿಪ್ಲೊಮಾದಲ್ಲಿ ಫೇಲಾದವನು ಎಂಜಿನಿಯರ್. ಗುತ್ತಿಗೆ ಮೇಲೆ ಡೇಟಾ ಎಂಟ್ರಿ ಮಾಡುವವನು ಎಂಎನ್‌ಸಿಯಲ್ಲಿ ಟೀಮ್ ಲೀಡ್. ಬ್ಯಾಂಕಿಗೆ ಅಡವಿಟ್ಟ ಮನೆ ಸ್ವಂತ ಮನೆ. ಬಾರಿನ ಶಟರ್ ಎಳೆಯುವವರೆಗೂ ಏಳದವನು 'ಯಾವಾಗಲಾದರೂ ಒಮ್ಮೆ, ಅದೂ ಆಫೀಸ್ ಪಾರ್ಟೀಲಿ'. ಮೂವತ್ತೆಂಟು ವರ್ಷ ಅನ್ನುವುದು ಬಯೋಡೇಟಾಕ್ಕೆ ಇಳಿಯುವಷ್ಟರಲ್ಲಿ ಮೂವತ್ತೆರಡು.

ಹೆಣ್ಣಿನ ಕಡೆಯವರೂ ಕೈಕಟ್ಟಿ ಕೂತಿರುವುದಿಲ್ಲ. ಮಧ್ಯಕ್ಕೇ ಬಿಟ್ಟ ಬಿ.ಇ. 'ಮುಗಿದಿದೆ, ಸರ್ಟಿಫಿಕೇಟ್ ಬರಬೇಕು ಅಷ್ಟೇ'. ಮೂಲಾ ನಕ್ಷತ್ರಕ್ಕೆ ರಾತ್ರೋರಾತ್ರಿ ಪೂರ್ವಾಷಾಢಕ್ಕೆ ವರ್ಗಾವಣೆ. ಕುಜದೋಷವಿದ್ದರೆ ಹುಟ್ಟಿದ ಹೊತ್ತನ್ನು ಎರಡು ಗಂಟೆ ಹಿಂದಕ್ಕೆ ಸರಿಸಿ ಇನ್ನೊಂದು ಪ್ರಿಂಟೌಟ್ ತೆಗೆಸುತ್ತಾರೆ. ಗ್ರಹಗಳಿಗೆ ಗಡಗಡ ನಡುಗುವ ಜನವೇ ಅವೇ ಗ್ರಹಗಳನ್ನು ರಟ್ಟೆ ಹಿಡಿದೆತ್ತಿ ಬೇರೆ ಮನೆಯಲ್ಲಿ ಕೂರಿಸುತ್ತಾರೆ. ಭಕ್ತಿ ಅಂದರೆ ಇದು.

ಇಷ್ಟೆಲ್ಲ ಆದ ಮೇಲೆ ಅಗ್ನಿಯನ್ನು ಸಾಕ್ಷಿಗೆ ಕರೆಯುತ್ತಾರೆ.

ಸೆಕೆಂಡ್‌ಹ್ಯಾಂಡ್ ಸ್ಕೂಟರ್ ಕೊಳ್ಳುವವನು ಆರ್‌ಸಿ ಬುಕ್ ನೋಡುತ್ತಾನೆ, ಇನ್ಶೂರೆನ್ಸ್ ಕೇಳುತ್ತಾನೆ, ಪರಿಚಯದ ಮೆಕ್ಯಾನಿಕ್ಕನ್ನೂ ಜೊತೆಗೆ ಕರೆತರುತ್ತಾನೆ. ಅದೇ ಮನುಷ್ಯ ಅಳಿಯನ ಪೇಸ್ಲಿಪ್ ಕೇಳಲು ನಾಚುತ್ತಾನೆ. 'ಹಾಗೆಲ್ಲ ಕೇಳಿದರೆ ಬೀಗರು ಏನಂದುಕೊಳ್ತಾರೆ?' ಅವರು ಅಂದುಕೊಳ್ಳುವುದು ಒಂದೇ. ಒಳ್ಳೆಯ ಗಿರಾಕಿ ಸಿಕ್ಕಿದ.

ನಮ್ಮ ಪಾರ್ಲಿಮೆಂಟಿನವರ ಕಿವಿಗೆ ಆ ಗಾದೆ ಬಿದ್ದಿರಲಿಲ್ಲವೋ ಏನೋ. 1955ರ ಹಿಂದೂ ವಿವಾಹ ಕಾಯ್ದೆಯ 12ನೇ ಸೆಕ್ಷನ್‌ನಲ್ಲಿ ಬರೆದುಬಿಟ್ಟರು: ಬಲವಂತದಿಂದಲೋ ವಂಚನೆಯಿಂದಲೋ ಒಪ್ಪಿಗೆ ಪಡೆದಿದ್ದರೆ ಆ ಮದುವೆಯನ್ನು ಕೋರ್ಟು ರದ್ದು ಮಾಡಬಹುದು. ಇದು ವಿಚ್ಛೇದನವಲ್ಲ. ವಿಚ್ಛೇದನದಲ್ಲಿ ಆದ ಮದುವೆ ಮುರಿಯುತ್ತದೆ. ಇಲ್ಲಿ ಮದುವೆಯೇ ಅಳಿಸಿಹೋಗುತ್ತದೆ.

ಬರೆದರು, ಆದರೆ ವಂಚನೆ ಅಂದರೆ ಏನು ಅಂತ ಹೇಳಲಿಲ್ಲ. ಕೆಲವು ಕೋರ್ಟುಗಳು ಅದನ್ನು ಬಲು ಕಿರಿದಾಗಿ ಓದಿದವು. ಏನು ಶಾಸ್ತ್ರ ನಡೆಯುತ್ತಿದೆ ಅನ್ನುವುದೇ ತಿಳಿಯದಂತೆ ಮಾಡಿದ್ದರೆ, ಇಲ್ಲವೇ ಒಬ್ಬನನ್ನು ತೋರಿಸಿ ಇನ್ನೊಬ್ಬನನ್ನು ಹಸೆಮಣೆಯಲ್ಲಿ ಕೂರಿಸಿದ್ದರೆ ಅದು ವಂಚನೆ. ಕಾಯಿಲೆ ಮುಚ್ಚಿಟ್ಟರೆ ಅದು ಬರೀ ಮೌನ. ಮದುವೆ ಸಂಸ್ಕಾರ, 1872ರ ಕರಾರು ಕಾಯ್ದೆಯಲ್ಲಿರುವ ವಂಚನೆಯ ವ್ಯಾಖ್ಯೆಗೆ ಇಲ್ಲಿ ಜಾಗವಿಲ್ಲ ಅನ್ನುವುದು ತರ್ಕ.

ಹೊಲ ಮಾರುವಾಗ ಸುಳ್ಳು ಹೇಳಿದರೆ ಮೋಸ. ಮಗನಿಗೆ ಹೆಣ್ಣು ತರುವಾಗ ಹೇಳಿದರೆ ಸಂಸ್ಕಾರ.

1976ರಲ್ಲಿ ತಿದ್ದುಪಡಿ ಬಂತು. ಎದುರು ಕಡೆಯವರಿಗೆ ಸಂಬಂಧಿಸಿದ ಯಾವುದೇ ಮಹತ್ವದ ಸಂಗತಿಯ ಬಗ್ಗೆ ಮಾಡಿದ ಮೋಸವೂ ಮೋಸವೇ ಅಂತ ಸೇರಿಸಿದರು. ಯಾವುದು ಮಹತ್ವದ್ದು? ಅದನ್ನು ಮತ್ತೆ ಹೇಳಲಿಲ್ಲ. ಹಿಂದೊಂದು ಮದುವೆಯಾಗಿದ್ದನ್ನು ಮುಚ್ಚಿಟ್ಟರೆ ಮಹತ್ವದ್ದು ಅಂತ ಹೈಕೋರ್ಟುಗಳು ಒಪ್ಪಿದ ಉದಾಹರಣೆಗಳಿವೆ. ಮೂವತ್ತು ಸಾವಿರದ ಸಂಬಳವನ್ನು ಒಂದು ಲಕ್ಷ ಅಂದಿದ್ದು? ಅದಕ್ಕೆ ನಿಮ್ಮ ಸಾಕ್ಷಿ, ನಿಮ್ಮ ವಕೀಲರು, ನಿಮ್ಮ ಹಣೆಬರಹ ಮೂರೂ ಗಟ್ಟಿಯಿರಬೇಕು.

1968ರಲ್ಲಿ ವರದಿಯಾದ ಪಟ್ನಾ ಹೈಕೋರ್ಟಿನ ಒಂದು ತೀರ್ಪನ್ನು ಕಾನೂನು ಕಾಲೇಜಿನ ಮಕ್ಕಳು ಇವತ್ತಿಗೂ ಓದುತ್ತಾರೆ. ಆಗಷ್ಟೇ ಹದಿನೆಂಟು ದಾಟಿದ ಹುಡುಗಿ. ಗಂಡು ಗೊತ್ತಾಗಿದೆ, ಇಪ್ಪತ್ತೈದು ಮೂವತ್ತರ ವಯಸ್ಸು ಅಂತ ಅಪ್ಪ ಅಮ್ಮನಿಗೆ ಹೇಳುತ್ತಿದ್ದದ್ದು ಅವಳ ಕಿವಿಗೆ ಬಿತ್ತು. ಅದನ್ನೇ ನಂಬಿ ಸುಮ್ಮನಿದ್ದಳು. ಧಾರೆಯ ಹೊತ್ತಿಗೆ ಮುಖದ ತುಂಬ ದಪ್ಪನೆಯ ಮುಸುಕು. ಗಂಡನ ಮನೆಗೆ ಹೋಗಿ ನೋಡಿದರೆ ಅರವತ್ತು ದಾಟಿದ ಮುದುಕ.

ಕೆಳಗಿನ ಕೋರ್ಟು ಅವಳ ಅರ್ಜಿಯನ್ನು ತಳ್ಳಿಹಾಕಿತ್ತು. ಹೈಕೋರ್ಟು ಮದುವೆಯನ್ನು ರದ್ದು ಮಾಡಿತು. ಮೋಸ ಮಂಟಪದೊಳಗೇ ನಡೆದಿರಬೇಕು ಅಂತೇನಿಲ್ಲ, ಅದಕ್ಕೆ ಮುಂಚೆ ಹೇಳಿದ ಸುಳ್ಳೂ ಸಾಕು ಅಂದಿತು.

ಇಲ್ಲಿ ಸುಳ್ಳು ಹೇಳಿದವನು ಬ್ರೋಕರ್ ಅಲ್ಲ. ಹೆತ್ತ ಅಪ್ಪ. ಈಗ ಮುಸುಕು ಹೋಗಿ ಫೋಟೊಗೆ ಫಿಲ್ಟರ್ ಬಂದಿದೆ. ಅಪ್ಪಂದಿರು ಹಾಗೇ ಇದ್ದಾರೆ.

'ನಮ್ಮ ಸಂಸ್ಕೃತಿಯಲ್ಲಿ ಮದುವೆ ರದ್ದು ಅನ್ನುವುದೇ ಇಲ್ಲ, ಇದೆಲ್ಲ ಪಾಶ್ಚಾತ್ಯರ ಚಾಳಿ' ಅಂತ ಕಲ್ಯಾಣಮಂಟಪದ ಊಟದ ಸಾಲಿನಲ್ಲಿ ಭಾಷಣ ಬಿಗಿಯುವವರಿದ್ದಾರೆ. ಅವರು ಹೋಳಿಗೆಗೆ ತುಪ್ಪ ಹಾಕಿಸಿಕೊಂಡ ಮೇಲೆ ಬಿಡುವು ಮಾಡಿಕೊಂಡು ಅರ್ಥಶಾಸ್ತ್ರ ಓದಲಿ. ದೂರ ಹೋಗಬೇಕಿಲ್ಲ. ಆ ಗ್ರಂಥದ ತಾಳೆಗರಿ ಪ್ರತಿ ಆರ್. ಶಾಮಶಾಸ್ತ್ರಿಗಳ ಕಣ್ಣಿಗೆ ಬಿದ್ದದ್ದು ನಮ್ಮ ಮೈಸೂರಿನ ಓರಿಯಂಟಲ್ ಲೈಬ್ರರಿಯಲ್ಲಿ. ಅವರು ಅದನ್ನು 1909ರಲ್ಲಿ ಅಚ್ಚು ಹಾಕಿಸಿದರು. ಕನ್ಯೆಯ ದೋಷ ಮುಚ್ಚಿಟ್ಟು ಧಾರೆ ಎರೆದುಕೊಟ್ಟವನಿಗೆ ಕೌಟಿಲ್ಯ ಹಾಕಿದ ದಂಡ 96 ಪಣ. ಪಡೆದ ಶುಲ್ಕ, ಸ್ತ್ರೀಧನ ವಾಪಸ್ಸು. ವರನ ದೋಷ ಮುಚ್ಚಿಟ್ಟರೆ? ದಂಡ ಎರಡು ಪಟ್ಟು. ಕೊಟ್ಟ ಶುಲ್ಕ, ಸ್ತ್ರೀಧನಕ್ಕೂ ಎಳ್ಳುನೀರು.

ಈ ನಿಯಮ ಬರುವುದು ಕೊಟ್ಟುಕೊಂಡ ಸರಕಿನ ವ್ಯವಹಾರವನ್ನು ರದ್ದು ಮಾಡುವ ಅಧ್ಯಾಯದಲ್ಲಿ. ಕೌಟಿಲ್ಯನಿಗೆ ನಮ್ಮ ಹಾಗೆ ಮುಲಾಜಿರಲಿಲ್ಲ. ಮನುವೂ ಕನ್ಯೆಯ ದೋಷ ಹೇಳದೆ ಕೊಟ್ಟವನಿಗೆ ಅದೇ 96 ಪಣ ಹಾಕಿದ್ದಾನೆ. ಮನುಸ್ಮೃತಿಯನ್ನು ತಲೆ ಮೇಲೆ ಹೊತ್ತು ತಿರುಗುವವರಿಗೆ ಆ ಶ್ಲೋಕ ಮಾತ್ರ ನೆನಪಿರುವುದಿಲ್ಲ.

ಇರಲಿ. ಈಗ 12ನೇ ಸೆಕ್ಷನ್‌ನ ಅಸಲಿ ತಮಾಷೆಗೆ ಬರೋಣ.

ಮೋಸ ಗೊತ್ತಾದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ಇದು ಮೊದಲನೇ ಷರತ್ತು. ಎರಡನೆಯದು ಇನ್ನೂ ಸೊಗಸು. ಮೋಸ ಗೊತ್ತಾದ ಮೇಲೂ ಪೂರ್ಣ ಒಪ್ಪಿಗೆಯಿಂದ ಗಂಡ ಹೆಂಡತಿಯಾಗಿ ಬಾಳಿದ್ದರೆ ಅರ್ಜಿ ನಿಲ್ಲುವುದಿಲ್ಲ. ಕಾಗದದ ಮೇಲೆ ಇದರಲ್ಲಿ ತಪ್ಪು ಹುಡುಕುವುದು ಕಷ್ಟ. ಎಲ್ಲ ತಿಳಿದೂ ಸಂಸಾರ ಮಾಡಿದ ಮೇಲೆ ಮೋಸ ಅಂತ ಕೂಗುವುದು ಹೇಗೆ?

ಆದರೆ ಈ ಷರತ್ತು ಬರೆದವರು ನಮ್ಮ ಮನೆಗಳ ಹಿರಿಯರನ್ನು ನೋಡಿದವರಲ್ಲ.

ಮದುವೆಯಾಗಿ ಮೂರನೇ ತಿಂಗಳು. ಬೀರುವಿನ ಮೇಲಿನ ಸೂಟ್‌ಕೇಸಿನಲ್ಲಿ ಹುಡುಗಿಗೆ ಒಂದು ಫೈಲ್ ಸಿಗುತ್ತದೆ ಅಂದುಕೊಳ್ಳಿ. ನಾಲ್ಕು ವರ್ಷದ ಹಳೆಯ ಚೀಟಿಗಳು, ಮಾತ್ರೆಯ ಖಾಲಿ ಸ್ಟ್ರಿಪ್ಪುಗಳು, ಒಂದು ಡಿಸ್ಚಾರ್ಜ್ ಸಮ್ಮರಿ. ಅವಳು ತವರಿಗೆ ಫೋನ್ ಮಾಡುತ್ತಾಳೆ. ಅಮ್ಮ ಮೊದಲು ಕೇಳುವುದು, 'ಯಾರಿಗಾದರೂ ಹೇಳಿದೆಯಾ?'

ಪಂಚಾಯಿತಿ ಸೇರುತ್ತದೆ. ಸೋದರಮಾವ ಬರುತ್ತಾರೆ, ಸಂಬಂಧ ತಂದ ದೊಡ್ಡಪ್ಪ ಬರುವುದಿಲ್ಲ. ಕಾಫಿ ಆಗುತ್ತದೆ. ತೀರ್ಪು ಬರುತ್ತದೆ: ಹೊಂದಿಕೊಂಡು ಹೋಗು.

ಆಷಾಢ ಕಳೆಯಲಿ. ಶ್ರಾವಣದಲ್ಲಿ ಇಂಥ ಮಾತು ಬೇಡ. ಪಿತೃಪಕ್ಷದಲ್ಲಿ ಯಾರಾದರೂ ಕೋರ್ಟು ಮೆಟ್ಟಿಲು ಹತ್ತುತ್ತಾರೆಯೇ? ಮೊದಲ ದೀಪಾವಳಿ, ಅಳಿಯನನ್ನು ಕರೆಯದಿದ್ದರೆ ಊರು ಏನನ್ನುತ್ತದೆ? ಧನುರ್ಮಾಸ ಕಳೆದು ಸಂಕ್ರಾಂತಿ ಬರಲಿ. ತಂಗಿಗೆ ಒಂದು ಗಂಡು ನೋಡಿದ್ದೇವೆ, ಅದೊಂದು ಆಗಿಬಿಡಲಿ. ಒಂದು ಮಗು ಆದರೆ ಎಲ್ಲ ತಾನೇ ಸರಿಹೋಗುತ್ತದೆ.

ಪಂಚಾಂಗ ಒಂದು ಸುತ್ತು ಮುಗಿಸುತ್ತದೆ. ಹುಡುಗಿ ವಕೀಲರ ಮುಂದೆ ಕೂರುತ್ತಾಳೆ. ಅವರು ಕನ್ನಡಕ ತೆಗೆದು ಕೇಳುತ್ತಾರೆ: 'ಗೊತ್ತಾದ ಮೇಲೂ ಜೊತೆಗಿದ್ರಾ?' ಇದ್ದಳು. ಅಪ್ಪ ಅಮ್ಮ ಇರಿಸಿದರು. ಎದುರು ವಕೀಲರು ಇದನ್ನೇ ಪೂರ್ಣ ಒಪ್ಪಿಗೆ ಅಂತ ಕರೆಯುತ್ತಾರೆ. ದೀಪಾವಳಿಗೆ ಅಳಿಯನ ಪಕ್ಕ ನಗುತ್ತಾ ನಿಂತ ಫೋಟೊವನ್ನು ಸಾಕ್ಷಿಯಾಗಿ ಹಾಕುತ್ತಾರೆ. ಆ ಫೋಟೊ ತೆಗೆದದ್ದು ಅದೇ ಸೋದರಮಾವ. 'ಸ್ವಲ್ಪ ನಗಮ್ಮಾ' ಅಂದಿದ್ದೂ ಅವರೇ.

ಹಾಗಾದರೆ ವಿಚ್ಛೇದನವನ್ನೇ ಬೇಗ ಕೇಳಬಹುದಿತ್ತಲ್ಲ ಅನ್ನುತ್ತೀರಿ. ಅದೇ ಕಾಯ್ದೆಯ 14ನೇ ಸೆಕ್ಷನ್ ನೋಡಿ. ಮದುವೆಯಾಗಿ ಒಂದು ವರ್ಷ ತುಂಬುವವರೆಗೆ ವಿಚ್ಛೇದನದ ಅರ್ಜಿ ಹಾಕುವಂತಿಲ್ಲ. ಅಸಾಧಾರಣ ಕಷ್ಟವೋ ಅತಿಯಾದ ನೀಚತನವೋ ಇದ್ದರೆ ಮಾತ್ರ ವಿಶೇಷ ಅನುಮತಿ. ಒಂದು ಬಾಗಿಲು ವರ್ಷ ತುಂಬಿದರೆ ಮುಚ್ಚುತ್ತದೆ. ಇನ್ನೊಂದು ವರ್ಷ ತುಂಬುವವರೆಗೆ ತೆರೆಯುವುದಿಲ್ಲ. ನಡುವೆ ನಿಂತವರಿಗೆ ಹಿರಿಯರು ತಾಳ್ಮೆಯ ಪಾಠ ಹೇಳುತ್ತಾರೆ.

ಇನ್ನು ರುಜುವಾತು. ಮೋಸ ಆಯಿತು ಅಂದವರೇ ಅದನ್ನು ರುಜು ಮಾಡಬೇಕು. ನಮ್ಮ ಮದುವೆಯ ಮಾತುಕತೆ ನಡೆಯುವುದು ಉಪ್ಪಿಟ್ಟು ಕೇಸರಿಬಾತಿನ ತಟ್ಟೆಯ ಮೇಲೆ, ಎಲ್ಲ ಬಾಯಿಮಾತು. ಲಗ್ನಪತ್ರಿಕೆಯಲ್ಲಿ ತಿಥಿ, ವಾರ, ಗೋತ್ರ, ಮೂರು ತಲೆಮಾರಿನ ಹೆಸರು, ಎಲ್ಲವೂ ಇರುತ್ತವೆ. ಬದುಕಿರುವ ಒಂದು ತಲೆಮಾರಿನ ಬಗ್ಗೆ ಒಂದಾದರೂ ನಿಜ ಇರುವುದಿಲ್ಲ. ಬ್ರೋಕರ್ ನಂಬರ್ ಬದಲಾಯಿಸಿರುತ್ತಾನೆ. ಸಂಬಂಧ ತಂದ ದೊಡ್ಡಪ್ಪನಿಗೆ ಏಕಾಏಕಿ ಮರೆವು. 'ನಾನು ಹೇಳಿದ್ದು ಕಂಪನಿ ಅಂತ. ಸಾಫ್ಟ್‌ವೇರ್ ಕಂಪನಿ ಅಂದಿದ್ನಾ?'

ಮುಚ್ಚುಮರೆಯೇ ಇಲ್ಲದ ಮದುವೆಗೆ ಏನು ಮರ್ಯಾದೆ ಕೊಟ್ಟಿದ್ದೇವೆ ನೋಡಿ. ಇಬ್ಬರು ವರ್ಷಗಟ್ಟಲೆ ಪರಿಚಯವಾಗಿ, ಒಬ್ಬರ ಸಾಲ ಒಬ್ಬರಿಗೆ, ಒಬ್ಬರ ಕಾಯಿಲೆ ಒಬ್ಬರಿಗೆ ಗೊತ್ತಿದ್ದು, 1954ರ ವಿಶೇಷ ವಿವಾಹ ಕಾಯ್ದೆಯಡಿ ಮದುವೆಯಾಗಲು ಹೋದರೆ 30 ದಿನದ ನೋಟಿಸು. ಹೆಸರು, ವಿಳಾಸ ಎಲ್ಲ ಕಚೇರಿಯ ಗೋಡೆಗೆ. ಯಾರು ಬೇಕಾದರೂ ಬಂದು ಕಾಯ್ದೆಯ ಷರತ್ತು ಮೀರಿದೆ ಅಂತ ತಕರಾರು ಹಾಕಬಹುದು. ಹೆಣ್ಣು ನೋಡುವ ಶಾಸ್ತ್ರದಲ್ಲಿ ಹತ್ತು ನಿಮಿಷ ಮಾತಾಡಿ, ಅದರಲ್ಲೂ 'ನಿಮ್ಮ ಹವ್ಯಾಸ ಏನು' ಅಂತ ಕೇಳಿ ಮದುವೆಯಾಗುವವರಿಗೆ ಯಾವ ನೋಟಿಸೂ ಬೇಡ. ಮುಹೂರ್ತ ಸಾಕು.

ಮೋಸದ ಮದುವೆ ಅಂದಕೂಡಲೇ ಸಿಡಿದೇಳುವವರೂ ನಮ್ಮಲ್ಲಿದ್ದಾರೆ, ಗಂಡು ಹೆಣ್ಣಿನ ಧರ್ಮ ಬೇರೆಬೇರೆ ಇದ್ದರೆ ಮಾತ್ರ. 2022ರಲ್ಲಿ ಕರ್ನಾಟಕ ಒಂದು ಮತಾಂತರ ನಿಷೇಧ ಕಾಯ್ದೆ ತಂದಿತು. ಮತಾಂತರಕ್ಕಾಗಿಯೇ ಆದ ಮದುವೆ ಅಸಿಂಧು ಅಂದಿತು. ಮರುವರ್ಷ ಬಂದ ಸರ್ಕಾರದ ಸಂಪುಟ ಅದನ್ನು ಹಿಂತೆಗೆಯುವ ತೀರ್ಮಾನ ಮಾಡಿತು. ಟಿವಿಯವರು ಎರಡು ಸಲವೂ ಗಂಟಲು ಹರಿದುಕೊಂಡರು. ಅದೇ ಜಾತಿ, ಅದೇ ಒಳಪಂಗಡದ ಗಂಡು ಹೆಸರೊಂದು ಬಿಟ್ಟು ಮಿಕ್ಕಿದ್ದೆಲ್ಲ ಸುಳ್ಳು ಹೇಳಿ ತಾಳಿ ಕಟ್ಟಿದರೆ ಯಾವ ಸೇನೆಯೂ ಬೀದಿಗಿಳಿಯುವುದಿಲ್ಲ. ನಮ್ಮವರೇ ಮಾಡಿದ ಮೋಸ ಮನೆಯ ವಿಷಯ.

ಮದುವೆಯಾಗದ ಹೊರತು ಹುಚ್ಚು ಬಿಡದು, ಹುಚ್ಚು ಬಿಡದ ಹೊರತು ಮದುವೆಯಾಗದು. ಈ ಗಾದೆಯ ಮೊದಲರ್ಧವನ್ನು ನಮ್ಮ ಜನ ವೈದ್ಯಶಾಸ್ತ್ರ ಅಂತ ತಿಳಿದಿದ್ದಾರೆ. ಮಗ ಕುಡಿಯುತ್ತಾನಾ, ಮದುವೆ ಮಾಡಿ. ಕೆಲಸಕ್ಕೆ ಹೋಗುವುದಿಲ್ಲವಾ, ಮದುವೆ ಮಾಡಿ. ಖಿನ್ನತೆಗೆ ಮಾತ್ರೆ ತಿನ್ನುತ್ತಿದ್ದಾನಾ, ಮಾತ್ರೆ ನಿಲ್ಲಿಸಿ ಮದುವೆ ಮಾಡಿ. ತನಗೆ ಹುಡುಗಿಯರಲ್ಲಿ ಆಸಕ್ತಿಯಿಲ್ಲ ಅಂತ ಮಗ ಅತ್ತು ಹೇಳಿಕೊಂಡನಾ? 377ನೇ ಸೆಕ್ಷನ್ ಬಗ್ಗೆ ಸುಪ್ರೀಂ ಕೋರ್ಟು 2018ರಲ್ಲಿ ಏನಾದರೂ ಹೇಳಿಕೊಳ್ಳಲಿ, ಮನೆಯ ತೀರ್ಪು ಬೇರೆ: ಬೇಗ ಮದುವೆ ಮಾಡಿ. ಅಲ್ಲಿ ಇಬ್ಬರ ಬದುಕು ಹಾಳು. ಮಗನದನ್ನು ಹಾಳು ಮಾಡುವುದು ಹೆತ್ತವರ ಹಕ್ಕು ಅಂತಲೇ ಇಟ್ಟುಕೊಳ್ಳಿ. ಯಾರದೋ ಮಗಳದನ್ನು ಹಾಳು ಮಾಡಲು ಇವರಿಗೆ ಪರವಾನಗಿ ಕೊಟ್ಟವರಾರು?

ಕಾಯಿಲೆ ಇದ್ದವರಿಗೆ ಮದುವೆಯೇ ಬೇಡ ಅಂತ ಯಾರೂ ಹೇಳುತ್ತಿಲ್ಲ. ಮೂರ್ಛೆರೋಗವನ್ನು ಮದುವೆಗೆ ಅಡ್ಡಿ ಅಂತ ಹಿಂದೂ ವಿವಾಹ ಕಾಯ್ದೆಯೇ ಒಂದು ಕಾಲಕ್ಕೆ ಪಟ್ಟಿ ಮಾಡಿತ್ತು, 1999ರಲ್ಲಿ ತೆಗೆದುಹಾಕಿತು. ಒಳ್ಳೆಯದೇ ಆಯಿತು. ನಿಜ ಕೇಳಿದ ಮೇಲೂ ಒಪ್ಪುವವರು ಇದ್ದಾರೆ. ಅವರಿಗೆ ಹೇಳಿ ನೋಡುವಷ್ಟು ಧೈರ್ಯ ನಮಗಿಲ್ಲ. ನಿಜ ಹೇಳಿದರೆ ಸಂಬಂಧ ಕೈತಪ್ಪುತ್ತದೆ. ಸುಳ್ಳು ಹೇಳಿದರೆ ಸಂಬಂಧ ಕೂಡುತ್ತದೆ, ಮಗಳು ಕೈತಪ್ಪುತ್ತಾಳೆ, ಅದೂ ಇನ್ನೊಬ್ಬರ ಮಗಳು.

ಈ ಸುಳ್ಳುಗಳಿಗೆ ಗಿರಾಕಿಗಳೂ ನಾವೇ. 2023ರ ಫೆಬ್ರುವರಿಯಲ್ಲಿ ಮಂಡ್ಯ ಕಡೆಯ ಅವಿವಾಹಿತ ಯುವಕರು ಹೆಣ್ಣು ಸಿಗಲಿ ಅಂತ ಮಲೆ ಮಹದೇಶ್ವರ ಬೆಟ್ಟಕ್ಕೆ ಪಾದಯಾತ್ರೆ ಹೋದರು. ನಾಡೆಲ್ಲ ನಕ್ಕಿತು. ಅವರಲ್ಲಿ ಎಷ್ಟೋ ಜನ ರೈತರ ಮಕ್ಕಳು. ನೀರಾವರಿ ಜಮೀನು, ಸ್ವಂತ ಮನೆ, ಎರಡು ಹಸು, ಎಲ್ಲ ಇದೆ. 'ಬೇಸಾಯ' ಅನ್ನುವ ಮೂರಕ್ಷರ ಕೇಳಿದ ಕೂಡಲೇ ಹೆಣ್ಣಿನ ಅಪ್ಪ ಎದ್ದು ಹೋಗುತ್ತಾನೆ. ಆ ಅಪ್ಪನೂ ರೈತನೇ. ಹುಡುಗ ಬೆಂಗಳೂರಿನಲ್ಲಿ ಸೆಕ್ಯುರಿಟಿ ಗಾರ್ಡ್ ಆಗಿ ಸೇರಿಕೊಂಡು ಬಯೋಡೇಟಾದಲ್ಲಿ 'ಪ್ರೈವೇಟ್ ಕಂಪನಿ' ಅಂತ ಬರೆಸಿದರೆ ಮಾತುಕತೆ ಮುಂದುವರಿಯುತ್ತದೆ. ನಿಜ ಹೇಳಿದವನಿಗೆ ಬೆಟ್ಟದ ದಾರಿ ತೋರಿಸಿ, ಸುಳ್ಳು ಹೇಳಿದವನಿಗೆ ಪಂಚೆ ಶಲ್ಯ ಕೊಡುವ ಊರಿನಲ್ಲಿ ಹುಡುಗ ಏನು ಕಲಿಯಬೇಕು?

ಅತ್ತ ಕಡಲಾಚೆಯ ಅಳಿಯಂದಿರದು ಇನ್ನೊಂದು ಕತೆ. ಅಲ್ಲಿ ಬದುಕು ಹೇಗಿದೆ ಅಂತ ಹೋಗಿ ನೋಡುವವರಿಲ್ಲ, 'ಅಮೆರಿಕದಲ್ಲಿದ್ದಾನೆ' ಅನ್ನುವುದೇ ಗುಣನಡತೆಯ ಸರ್ಟಿಫಿಕೇಟ್. ಎನ್‌ಆರ್‌ಐ ಮದುವೆಗಳ ನೋಂದಣಿಗೆ 2019ರಲ್ಲಿ ರಾಜ್ಯಸಭೆಯಲ್ಲಿ ಮಸೂದೆ ಮಂಡನೆಯಾಯಿತು. ಮಂಡನೆಯಾಯಿತು, ಅಷ್ಟೇ. 2024ರಲ್ಲಿ ಕಾನೂನು ಆಯೋಗ ತನ್ನ 287ನೇ ವರದಿಯಲ್ಲಿ ಇದಕ್ಕೊಂದು ಸಮಗ್ರ ಕಾನೂನು ಬೇಕು ಅಂದಿತು. ವರದಿ ಚೆನ್ನಾಗಿದೆ.

ಶಿಕ್ಷೆ ಇಲ್ಲವೇ ಅಂದರೆ ಇದೆ. ಹಿಂದಿನ ಮದುವೆಯನ್ನು ಮುಚ್ಚಿಟ್ಟು, ಅದು ಊರ್ಜಿತವಿರುವಾಗಲೇ ಇನ್ನೊಂದಾದರೆ ಭಾರತೀಯ ನ್ಯಾಯ ಸಂಹಿತೆಯ 82ನೇ ಸೆಕ್ಷನ್ ಪ್ರಕಾರ 10 ವರ್ಷದವರೆಗೆ ಜೈಲು. ಗುರುತು ಮುಚ್ಚಿಟ್ಟು ಮದುವೆಯಾಗಿ ಸಂಬಂಧ ಬೆಳೆಸಿದರೆ 69ನೇ ಸೆಕ್ಷನ್‌ನಲ್ಲೂ 10 ವರ್ಷದವರೆಗೆ. ಪುಸ್ತಕದಲ್ಲಿ ಭಯಂಕರವಾಗಿ ಕಾಣುತ್ತದೆ. ಸುಳ್ಳು ಹೆಣೆದ ಅಪ್ಪ, ಅದಕ್ಕೆ ಒಗ್ಗರಣೆ ಹಾಕಿದ ಚಿಕ್ಕಪ್ಪ, ಕಮಿಷನ್ ತಿಂದ ಬ್ರೋಕರ್ ಇವರೆಲ್ಲ ಮುಂದಿನ ಮದುವೆಯಲ್ಲಿ ಮೊದಲ ಪಂಕ್ತಿಯಲ್ಲೇ ಕೂತಿರುತ್ತಾರೆ.

ಕೊನೆಗೆ ಆಗುವುದು ಇಷ್ಟು. ವಕೀಲರು ಪೆನ್ನು ಮುಚ್ಚಿ ಹೇಳುತ್ತಾರೆ: 'ಫ್ರಾಡ್ ಪ್ರೂವ್ ಮಾಡೋಕೆ ವರ್ಷಗಟ್ಟಲೆ ಓಡಾಡ್ಬೇಕಮ್ಮಾ. ಮ್ಯೂಚುಯಲ್‌ಗೆ ಒಪ್ಪಿಸಿ, ಬೇಗ ಮುಗಿಯುತ್ತೆ.' ಅವರು ಹೇಳುವುದು ಸುಳ್ಳಲ್ಲ. ಈ ಇಡೀ ಕತೆಯಲ್ಲಿ ಸುಳ್ಳು ಹೇಳದವರು ಅವರೊಬ್ಬರೇ ಇರಬೇಕು. ಒಂದು ವರ್ಷ ಬೇರೆ ಇದ್ದರೆ ಹಿಂದೂ ವಿವಾಹ ಕಾಯ್ದೆಯ 13-ಬಿ ಅಡಿ ಪರಸ್ಪರ ಒಪ್ಪಿಗೆಯ ವಿಚ್ಛೇದನ. ಆಮೇಲಿನ ಆರು ತಿಂಗಳ ಕಾಯುವಿಕೆಯನ್ನು ಕೋರ್ಟು ಮನಸ್ಸು ಮಾಡಿದರೆ ಬಿಡಬಹುದು ಅಂತ 2017ರಲ್ಲಿ ಸುಪ್ರೀಂ ಕೋರ್ಟೂ ಹೇಳಿದೆ.

ಆ ಅರ್ಜಿಯಲ್ಲಿ ಸೂಟ್‌ಕೇಸಿನ ಫೈಲಿನ ಮಾತು ಬರುವುದಿಲ್ಲ. ಇಬ್ಬರಿಗೂ ಹೊಂದಾಣಿಕೆಯಾಗಲಿಲ್ಲ ಅಂತ ಬರೆಯುತ್ತಾರೆ. ಮೋಸ ಹೋದವಳೂ ಅದಕ್ಕೆ ಸಹಿ ಹಾಕುತ್ತಾಳೆ, ಮೋಸ ಮಾಡಿದವನೂ ಹಾಕುತ್ತಾನೆ. ಒಂದೇ ಕಾಗದ, ಒಂದೇ ಇಂಕು. ಒಡವೆ ವಾಪಸ್ಸು ಬರುವುದು ಅರ್ಧ. ಕಲ್ಯಾಣಮಂಟಪದ ಬಾಡಿಗೆಯನ್ನು ಯಾರೂ ಕೇಳುವುದಿಲ್ಲ. 'ಹುಡುಗಿಗೇ ಸ್ವಲ್ಪ ಸಹನೆ ಕಡಿಮೆ' ಅನ್ನುವ ತೀರ್ಪನ್ನು ಊರು ಕೋರ್ಟಿಗಿಂತ ಮುಂಚೆಯೇ ಕೊಟ್ಟಿರುತ್ತದೆ.

ಡಿಕ್ರಿಯ ಪ್ರತಿ ಕೈಸೇರಿದ ವಾರದಲ್ಲೇ ಹುಡುಗನ ಹೊಸ ಪ್ರೊಫೈಲ್ ಮ್ಯಾಟ್ರಿಮೊನಿ ಸೈಟಿನಲ್ಲಿ. ವಯಸ್ಸು ಮತ್ತೆ ಮೂವತ್ತೆರಡು. ಸ್ಥಿತಿಗತಿ: ಇನ್ನೊಸೆಂಟ್ ಡೈವೋರ್ಸಿ, ಅಲ್ಪಾವಧಿಯ ಮದುವೆ. ಹೊಸ ಹೆಣ್ಣಿನ ಮನೆಗೆ ಅವನ ತಾಯಿ ಫೋನ್ ಮಾಡುತ್ತಾರೆ. ಗೋತ್ರ, ನಕ್ಷತ್ರ ವಿಚಾರಿಸುತ್ತಾರೆ. ಆಮೇಲೆ ದನಿ ಸ್ವಲ್ಪ ಗಂಭೀರ ಮಾಡಿಕೊಂಡು ಕೇಳುತ್ತಾರೆ:

'ನೋಡಿ, ನಾವು ಒಂದು ಸಲ ನೊಂದವರು. ನಿಮ್ಮ ಕಡೆ ಏನೂ ಮುಚ್ಚಿಟ್ಟಿಲ್ಲ ತಾನೇ?'